ಬ್ಯಾಡಗಿ ಸ್ಟೇಷನ್ನಿನ ಎರಡನೇ ಆಯ್ತಾರ

ಹಾವೇರಿ
11 ಫೆಬ್ರುವರಿ 1991

ವಕೀಲರಾದ ಚನ್ನಬಸಪ್ಪನವರಿಗೆ ನಮಸ್ಕಾರ.

ನಿನ್ನೆಯೂ ಬರಲಿಲ್ಲ. ಜನವರಿಯಲ್ಲಿ ಬರದಿದ್ದಾಗ ಸಂಕ್ರಾಂತಿಯ ಗಡಿಬಿಡಿ ಇರಬೇಕೆಂದು ಸುಮ್ಮನಾಗಿದ್ದೆ. ಈ ಸಲ ಹಾಗೆ ಅಂದುಕೊಳ್ಳಲು ಹಬ್ಬವೂ ಇಲ್ಲ. ನಿಮ್ಮ ರಾಣೇಬೆನ್ನೂರಿನ ಕೋರ್ಟು ಡಿಸೆಂಬರಿನಲ್ಲಿ ಕೊಟ್ಟ ಹುಕುಂ ನನಗೆ ಬಾಯಿಪಾಠವಾಗಿದೆ: ಪ್ರತಿ ತಿಂಗಳ ಎರಡನೇ ಭಾನುವಾರ, ಬೆಳಿಗ್ಗೆ ಹತ್ತರಿಂದ ಮಧ್ಯಾಹ್ನ ಒಂದರವರೆಗೆ, ತಂದೆಯು ಮಗಳನ್ನು ಬ್ಯಾಡಗಿ ರೈಲ್ವೆ ನಿಲ್ದಾಣಕ್ಕೆ ಕಳಿಸಿ ತಾಯಿಗೆ ಭೇಟಿ ಮಾಡಿಸತಕ್ಕದ್ದು. ನಾನು ಒಂಬತ್ತಕ್ಕೇ ಹೋಗಿ ಕೂತಿದ್ದೆ.

ಈಗ ಮೆಣಸಿನಕಾಯಿಯ ಸುಗ್ಗಿ. ಇಡೀ ಊರು ಸೀನುತ್ತಿತ್ತು. ಬಿಸಿಲಿಗೇ ಕೆಂಪು ಬಣ್ಣ ಬಂದ ಹಾಗಿತ್ತು. ಅರ್ಧ ಕಣ್ಣು ಮುಚ್ಚಿ ಕೂತರೆ ಪ್ಲಾಟ್‌ಫಾರ್ಮಿನ ಆ ತುದಿಯಿಂದ ಬರುವ ಲಂಗದ ಹುಡುಗಿಯರೆಲ್ಲ ನನ್ನ ಹೊಳಿಯವ್ವನೇ. ಹತ್ತಿರ ಬಂದಾಗ ಬೇರೆಯವರ ಮಕ್ಕಳಾಗುತ್ತಿದ್ದರು. ನನ್ನ ಬೆಂಚಿನ ಹಿಂದಿನ ಗೋಡೆಯ ಮೇಲೆ ಯಾವುದೋ ಮಗು ಇದ್ದಿಲಿನಿಂದ ಒಂದು ರೈಲು ಬರೆದಿದೆ, ಎಂಜಿನ್ನು ಮತ್ತು ಒಂದೇ ಡಬ್ಬಿ. ಜನವರಿಯಲ್ಲಿ ಅದು ಇರಲಿಲ್ಲ. ಅದನ್ನೇ ನೋಡುತ್ತ ಒಂದು ಗಂಟೆ ಮಾಡಿದೆ.

ನಾನು ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಕೆಲಸ ಮಾಡುವವಳೆಂದು ನಿಮಗೆ ಗೊತ್ತು. ಬ್ಯಾಡಗಿಯ ವ್ಯಾಪಾರಿಗಳನ್ನು ಮುಂಬಯಿಗೆ ಜೋಡಿಸುವುದೇ ದಿನದ ಕೆಲಸ. ಅವರ ದರದ ಮಾತಿನ ಹಿಂದೆ ಎಲ್ಲೋ ಮಕ್ಕಳ ಗದ್ದಲ ಕೇಳಿಸಿದರೆ ವಾಯರು ಹಿಡಿದ ಕೈ ಹಾಗೆಯೇ ನಿಲ್ಲುತ್ತದೆ. ಅದರಲ್ಲಿ ಅವಳ ದನಿ ಇದ್ದರೂ ಇರಬಹುದು.

ಹುಕುಂ ಆದ ಮೇಲೂ ಹೀಗಾದರೆ ಏನು ಮಾಡಬೇಕು, ತಿಳಿಸಿ.

ನಿಮ್ಮ ವಿಶ್ವಾಸಿ,
ಸುಲಭಾ


ರಾಣೇಬೆನ್ನೂರು
18 ಫೆಬ್ರುವರಿ 1991

ಸುಲಭಾಬಾಯಿಯವರಿಗೆ,

ಹುಕುಂ ತಾನಾಗಿ ಎದ್ದು ನಡೆಯುವುದಿಲ್ಲ, ಹಿಂದಿನಿಂದ ದಬ್ಬಬೇಕು. ಇದನ್ನು ನಾನು ಡಿಸೆಂಬರಿನಲ್ಲಿಯೇ ಹೇಳಬೇಕಿತ್ತು, ಆದರೆ ಅಂದು ನೀವು ನಗುತ್ತಿದ್ದಿರಿ. ನನ್ನ ಕಚೇರಿಯಲ್ಲಿ ಯಾರಾದರೂ ನಗುವುದು ವರ್ಷಕ್ಕೊಮ್ಮೆ. ಅದನ್ನು ಕೆಡಿಸಲು ಮನಸ್ಸಾಗಲಿಲ್ಲ.

ಹುಕುಮನ್ನು ಜಾರಿಗೆ ತನ್ನಿರೆಂದು ಕೋರ್ಟಿಗೆ ಕೊಡುವ ಅರ್ಜಿಗೆ ನಮ್ಮ ಕಡೆ ಇಂದಿಗೂ ದರಖಾಸ್ತು ಎನ್ನುತ್ತಾರೆ. ದರಖಾಸ್ತು ಹಾಕಿದರೆ ಮೊದಲು ಕೋರ್ಟಿನ ಬೇಲೀಫನ ಕೈಯಲ್ಲಿ ನೋಟೀಸು ಹೋಗುತ್ತದೆ. ಅದಕ್ಕೂ ಬಗ್ಗದಿದ್ದರೆ ಆಸ್ತಿ ಜಪ್ತಿ, ಇಲ್ಲವೇ ದಿವಾಣಿ ಜೈಲು, ಎಂದರೆ ಸಿವಿಲ್ ಸೆರೆ. ಅದರಾಚೆಗೆ ಕೋರ್ಟಿನ ನಿಂದನೆಯಾಯಿತೆಂದು ಬೆಂಗಳೂರಿನವರೆಗೂ ಹೋಗಬಹುದು, ಆದರೆ ಅಷ್ಟರಲ್ಲಿ ನಿಮ್ಮ ಮಗಳ ಮದುವೆಯಾಗಿರುತ್ತದೆ. ಇಷ್ಟಕ್ಕೂ ಒಂದೇ ಷರತ್ತು: ಅವನು ಬೇಕೆಂತಲೇ ಹುಕುಂ ಮೀರಿದ್ದಾನೆಂದು ನಾವು ತೋರಿಸಬೇಕು. ಮರೆತವನನ್ನು, ಜ್ವರ ಬಂದು ಮಲಗಿದವನನ್ನು ಯಾವ ನ್ಯಾಯಾಧೀಶರೂ ಜೈಲಿಗೆ ಕಳಿಸುವುದಿಲ್ಲ.

ಇನ್ನೊಂದು ತಿಂಗಳು ನೋಡೋಣ. ಹೋದಾಗಲೆಲ್ಲ ಪ್ಲಾಟ್‌ಫಾರ್ಮ್ ಟಿಕೀಟು ತೆಗೆಸಿ ಜೋಪಾನವಾಗಿಡಿ, ನೀವು ಅಲ್ಲಿದ್ದಿರೆಂಬುದಕ್ಕೆ ಅದೇ ಸಾಕ್ಷಿ. ಗೋಡೆಯ ಮೇಲಿನ ರೈಲು ಸಾಕ್ಷಿ ಹೇಳುವುದಿಲ್ಲ.

ಇಂತು,
ಚನ್ನಬಸಪ್ಪ


ಹಾವೇರಿ
12 ಮಾರ್ಚ್ 1991

ಫಕ್ಕೀರೇಶ ಅವರಿಗೆ,

ಆರು ವರ್ಷ ಒಂದೇ ಮನೆಯಲ್ಲಿದ್ದವರಿಗೆ 'ಅವರಿಗೆ' ಎಂದು ಬರೆಯಲು ಕೈ ತಡೆಯುತ್ತದೆ. ಬೇರೆ ಏನು ಬರೆಯಬೇಕೋ ತಿಳಿಯಲಿಲ್ಲ.

ಲಾರಿ ತೆಗೆದುಕೊಂಡು ಮುಂಬಯಿಗೆ ಹೋದರೆ ನೀವು ಹತ್ತು ದಿನ ಬರುವುದಿಲ್ಲ, ಗೊತ್ತು. ಆದರೆ ಮನೆಯಲ್ಲಿ ಅತ್ತೆ ಇದ್ದಾರೆ, ಸ್ಟೇಷನ್ನು ಹತ್ತು ನಿಮಿಷದ ದಾರಿ. ನಾನು ಮೂರು ಭಾನುವಾರ ಒಬ್ಬಳೇ ಕೂತು ಬಂದೆ. ನಮ್ಮಿಬ್ಬರ ಜಗಳದಲ್ಲಿ ನಾನು ಆಡಬಾರದ್ದನ್ನು ಆಡಿದ್ದೇನೆ, ನೀವೂ ಆಡಿದ್ದೀರಿ. ಆ ಸಿಟ್ಟನ್ನು ಹುಡುಗಿಯ ಮೇಲೆ ತೀರಿಸಬೇಡಿ.

ಕೋರ್ಟಿನಲ್ಲಿ ಅವಳು ಅಜ್ಜಿಯ ಸೆರಗು ಬಿಡಲಿಲ್ಲ. ಅದನ್ನು ನೋಡಿಯೇ ನಾನು ಮಗಳನ್ನು ಕೊಡಿ ಎನ್ನಲಿಲ್ಲ, ತಿಂಗಳಿಗೆ ಮೂರು ತಾಸು ಕೊಡಿ ಎಂದೆ. ಅಷ್ಟನ್ನಾದರೂ ಕೊಡಿ.

ಸುಲಭಾ


ಬ್ಯಾಡಗಿ
28 ಮಾರ್ಚ್ 1991

ಸುಲಭಾಗ,

ನಾವು ಇತ್ತ ಕ್ಷೇಮ. ನಿನ್ನ ಕಾಗದ ಮುಟ್ಟಿತು. ಓದಿ ಸಿಟ್ಟು ಬಂತು.

ಅವ್ವ ಮೂರು ಸಲ ಹೊಳಿಯವ್ವನ್ನ ಕರಕೊಂಡು ಸ್ಟೇಷನ್ನಿಗೆ ಹೋಗ್ಯಾಳ. ಹೊಸಾ ಲಂಗ ಹಾಕ್ಕೊಂಡು, ತಲಿ ತುಂಬ ಹೂವ ಮುಡಕೊಂಡು ಹೋದ ಹುಡುಗಿ, ಕುಂತು ಕುಂತು ಮಾರಿ ಸಣ್ಣದು ಮಾಡಕೊಂಡು ಬಂದೈತಿ. ಬರದಾಕಿ ನೀನು. ಈಗ ನಮ್ಮ ಮ್ಯಾಲ ಹಾಕಾಕತ್ತಿ. ನಮ್ಮವ್ವ ಸುಳ್ಳು ಹೇಳಾಕಿ ಅಲ್ಲ ಅನ್ನೂದು ನನಗಿಂತ ನಿನಗ ಹೆಚ್ಚು ಗೊತ್ತೈತಿ.

ಕೋರ್ಟಿಗೆ ಹೋಗೂದಿದ್ರ ಹೋಗು.

ಫಕ್ಕೀರೇಶ


ರಾಣೇಬೆನ್ನೂರು
8 ಏಪ್ರಿಲ್ 1991

ಸುಲಭಾಬಾಯಿಯವರಿಗೆ,

ನೀವು ಕಳಿಸಿದ ಫಕ್ಕೀರೇಶನ ಕಾಗದ ಓದಿದೆ. 'ನಾವು ಕಳಿಸಿದ್ದೆವು, ಆಕೆಯೇ ಬರಲಿಲ್ಲ' ಎನ್ನುವ ಮಾತನ್ನು ಮೂವತ್ತೆರಡು ವರ್ಷದಿಂದ ಕೇಳುತ್ತಿದ್ದೇನೆ. ಹೊಸ ಲಂಗ, ಹೂವು ಇವನ್ನೆಲ್ಲ ಕಂಡು ನೀವು ಕರಗಬೇಡಿ. ಸುಳ್ಳು ಹೇಳುವವರು ಹೀಗೆ ಸಣ್ಣ ಸಣ್ಣ ವಿವರ ಸೇರಿಸುತ್ತಾರೆ. ನಿಜ ಹೇಳುವವರಿಗೆ ಅಷ್ಟು ವ್ಯವಧಾನವಿರುವುದಿಲ್ಲ.

ದರಖಾಸ್ತು ಬರೆಸಿ ಇದರೊಂದಿಗೆ ಇಟ್ಟಿದ್ದೇನೆ. ಮನೆಯಲ್ಲಿ ಅವನ ಪಾಲಿನ ಜಪ್ತಿ ಕೇಳಿದ್ದೇನೆ, ದಿವಾಣಿ ಜೈಲನ್ನೂ ಕೇಳಿದ್ದೇನೆ. 14ಕ್ಕೆ ಇನ್ನೊಮ್ಮೆ ಹೋಗಿ ಬನ್ನಿ. ಮಗಳು ಬರದಿದ್ದರೆ ಸಹಿ ಮಾಡಿ ಕಳಿಸಿ.

ಚನ್ನಬಸಪ್ಪ


ಹಾವೇರಿ
15 ಏಪ್ರಿಲ್ 1991

ವಕೀಲರಿಗೆ ನಮಸ್ಕಾರ.

ಬರಲಿಲ್ಲ. ಸಹಿ ಮಾಡಿದ್ದೇನೆ. ಮಾಡಿದ ಮೇಲೆ ಎದ್ದು ಹೋಗಿ ಕೈ ತೊಳೆದುಕೊಂಡೆ, ಯಾಕೋ ಗೊತ್ತಿಲ್ಲ.

ನಿನ್ನೆ ಬೆಂಚಿನ ಮೇಲೆ ನಿದ್ದೆ ಹತ್ತಿತ್ತು. ಹಾಡಹಗಲೇ ಕನಸು. ಎಕ್ಸ್‌ಚೇಂಜಿನ ಬೋರ್ಡು ಪ್ಲಾಟ್‌ಫಾರ್ಮಿನಷ್ಟೇ ಉದ್ದವಾಗಿತ್ತು, ದೀಪಗಳೆಲ್ಲ ಒಟ್ಟಿಗೆ ಉರಿಯುತ್ತಿದ್ದವು. ಆಚೆಯಿಂದ ಹೊಳಿಯವ್ವ 'ನಂಬರ್ ಹೇಳ್ರಿ' ಎನ್ನುತ್ತಿದ್ದಳು, ನಾನು ಹೇಳಬೇಕಾದ ಮಾತನ್ನು ಅವಳು ಹೇಳುತ್ತಿದ್ದಳು. ನನಗೆ ಯಾವ ನಂಬರೂ ನೆನಪಾಗಲೊಲ್ಲದು. ಪ್ಯಾಸೆಂಜರು ಗಾಡಿ ಬಂದು ನಿಂತಾಗ ಎಚ್ಚರವಾಯಿತು. ಇಳಿದವರು ಇಳಿದರು, ಹತ್ತಿದವರು ಹತ್ತಿದರು. ಎಲ್ಲರಿಗೂ ಹೋಗಲು ಒಂದು ಊರಿತ್ತು.

ಆ ಇದ್ದಿಲಿನ ರೈಲಿಗೆ ತಿಂಗಳಿಗೊಂದು ಡಬ್ಬಿ ಸೇರುತ್ತಿದೆ. ಈಗ ಮೂರಾಗಿವೆ. ಅದನ್ನು ಬರೆಯುವ ಮಗು ಯಾರದೋ, ಅದರ ತಾಯಿ ಪುಣ್ಯವಂತೆ ಎಂದುಕೊಂಡೆ.

ಅತ್ತೆ ಮೈಲವ್ವ ಸುಳ್ಳು ಹೇಳುವವರಲ್ಲ ಎನ್ನುವುದು ಮಾತ್ರ ನಿಜ. ಅದಕ್ಕೇ ನನಗೆ ಹೆದರಿಕೆ. ಆದರೆ ಮಗಳನ್ನು ನೋಡದೆ ನಾಲ್ಕು ತಿಂಗಳಾಯಿತು. ಇನ್ನು ತಡೆಯಲಾರೆ.

ಸುಲಭಾ


ರಾಣೇಬೆನ್ನೂರು
2 ಮೇ 1991

ಸುಲಭಾಬಾಯಿಯವರಿಗೆ,

ಈ ಕಾಗದವನ್ನು ಕೂತು ಓದಿ.

ಬೇಲೀಫ ಮಹಮ್ಮದಗೌಸ ಸೋಮವಾರ ನೋಟೀಸು ತೆಗೆದುಕೊಂಡು ಬ್ಯಾಡಗಿಗೆ ಹೋಗಿದ್ದ. ಫಕ್ಕೀರೇಶ ಊರಲ್ಲಿರಲಿಲ್ಲ. ಮುದುಕಿ ಮನೆಯ ಮುಂದೆ ಮೆಣಸಿನಕಾಯಿಯ ತೊಟ್ಟು ಬಿಡಿಸುತ್ತ ಕೂತಿದ್ದಳು. ಇಂಥಲ್ಲಿ ಬೇಲೀಫನಾದವನು ನೋಟೀಸಿನ ಬೆನ್ನಿಗೆ 'ಮನೆಯಲ್ಲಿ ಇಲ್ಲ' ಎಂದು ಒಂದು ಸಾಲು ಶರಾ ಬರೆದು ವಾಪಸು ತರುತ್ತಾನೆ. ಇವನು ಅರ್ಧ ಪುಟ ಬರೆದಿದ್ದಾನೆ. ಬೈಯಬೇಕೆಂದೇ ಅವನನ್ನು ಕರೆಸಿದೆ. ಅವನು ಹೇಳಿದ್ದನ್ನು ಅವನ ಮಾತಿನಲ್ಲಿಯೇ ಬರೆಯುತ್ತೇನೆ.

'ನೋಟೀಸ ಅಂದಕೂಡ್ಲೆ ಮುದುಕಿ ನಡಗಾಕ ಹತ್ತಿದ್ಲು ಸಾಹೇಬ್ರ. ನಾ ಕೋರ್ಟಿನ ಮಾತ ಮೀರಿಲ್ಲಪಾ, ಅಮಾಸಿ ಕಳದು ಎರಡನೇ ಆಯ್ತಾರ ಹುಡುಗೀನ್ನ ಕರಕೊಂಡು ಹೋಗೇನಿ, ಒಂದೂ ತಪ್ಪಿಸಿಲ್ಲ, ಅಂದ್ಲು. ಈ ತಿಂಗಳಷ್ಟ ಹೋಗಿಲ್ಲ, ಇದು ಅಧಿಕ ಮಾಸ, ಲೆಕ್ಕಕ್ಕ ಬರಂಗಿಲ್ಲ, ಅಂದ್ಲು. ಗ್ವಾಡಿ ಮ್ಯಾಲಿನ ಸುಣ್ಣದ ಗೆರಿ ತೋರಿಸಿದ್ಲು. ಇದನ್ನ ಬರೀದ ಹ್ಯಾಂಗ ಬರ್ಲ್ರಿ?'

ನಾನು ಪಂಚಾಂಗ ತೆಗೆದು ನೋಡಿದೆ. ಅಮಾವಾಸ್ಯೆ ಮುಗಿದ ಎರಡನೇ ಭಾನುವಾರಗಳು ಜನವರಿ 27, ಫೆಬ್ರುವರಿ 24, ಮಾರ್ಚ್ 24. ಪ್ರತಿ ಸಲವೂ ನೀವು ಕೂತು ಬಂದ ಮೇಲೆ ಸರಿಯಾಗಿ ಹದಿನಾಲ್ಕು ದಿನಕ್ಕೆ ಅವರು ಬಂದು ಕೂತಿದ್ದಾರೆ. ಮುದುಕಿಗೆ ತಿಂಗಳೆಂದರೆ ಅಮಾವಾಸ್ಯೆಯಿಂದ ಅಮಾವಾಸ್ಯೆಗೆ. ಅವಳು ಹುಟ್ಟಿದಾಗಿನಿಂದ ಹಾಗೆಯೇ. ಮಗ 'ಎರಡನೇ ಆಯ್ತಾರ' ಎಂದು ಹೇಳಿ ಲಾರಿ ಹತ್ತಿ ಹೋದ. ಇನ್ನು ನಾನು, ಹೊಸ ಲಂಗ ಕಂಡು ಸುಳ್ಳೆಂದು ತೀರ್ಪು ಕೊಟ್ಟವನು. ನನಗೆ ನಾಚಿಕೆಯಾಗಿದೆ, ಬಚ್ಚಿಡುವುದಿಲ್ಲ.

ಬೇಕೆಂತಲೇ ಮೀರಿದ್ದಾನೆ ಎನ್ನುವ ನಮ್ಮ ವಾದ ಇಲ್ಲಿಗೆ ಬಿತ್ತು. ಆದರೆ ಇನ್ನೊಂದು ಮಾತಿದೆ. ನೀವು ಬರಲಿಲ್ಲವೆಂದು ಸಿಟ್ಟಾಗಿ ಹುಡುಗಿ ಇನ್ನು ಸ್ಟೇಷನ್ನಿಗೆ ಕಾಲಿಡುವುದಿಲ್ಲ ಎನ್ನುತ್ತಿದ್ದಾಳಂತೆ. ಅದಕ್ಕೂ ಉಪಾಯವಿದೆ. ದರಖಾಸ್ತು ಜೂನ್ 17ಕ್ಕೆ ವಿಚಾರಣೆಗೆ ಬರುತ್ತದೆ. ಅಂದು ಮಗುವನ್ನು ಹಾಜರುಪಡಿಸಲು ತಂದೆಗೆ ಆಜ್ಞೆ ಮಾಡಿರೆಂದು ಕೇಳುತ್ತೇನೆ. ನ್ಯಾಯಾಧೀಶರ ಕೋಣೆಯಲ್ಲಿ ಅವಳನ್ನು ಖಂಡಿತ ನೋಡುತ್ತೀರಿ. ನೀವು ಹೂಂ ಎಂದರೆ ಸಾಕು.

ಚನ್ನಬಸಪ್ಪ


ಹಾವೇರಿ
6 ಮೇ 1991

ವಕೀಲರಿಗೆ ನಮಸ್ಕಾರ.

ನಾಚಿಕೆ ನಿಮಗಲ್ಲ, ನನಗಾಗಬೇಕು. ಅಮಾವಾಸ್ಯೆಯ ಮರುದಿನ ಅತ್ತೆ ಬೆರಳನ್ನು ಸುಣ್ಣದಲ್ಲಿ ಅದ್ದಿ ಗೋಡೆಗೆ ಗೆರೆ ಎಳೆಯುತ್ತಿದ್ದರು. ಆರು ವರ್ಷ ನಾನು ಆ ಗೆರೆಗಳ ಕೆಳಗೆ ಮಲಗಿದ್ದೇನೆ. ಹೊಳಿಯವ್ವ ಹೊಟ್ಟೆಯಲ್ಲಿದ್ದಾಗ ತಿಂಗಳು ಎಣಿಸಿದ್ದೂ ಅದೇ ಗೆರೆಗಳಿಂದ. ಆ ಮನೆಯಿಂದ ಹೊರಬರುವಾಗ ಅಷ್ಟನ್ನೂ ಮರೆತುಬಿಟ್ಟೆ.

ಮೂರು ಆಯ್ತಾರ, ಮೂರು ಡಬ್ಬಿ. ಅವಳು ಬೆನ್ನು ಆನಿಸಿದ್ದ ಗೋಡೆಗೇ ಬೆನ್ನು ಆನಿಸಿ ನಾನು ಅವಳ ದಾರಿ ಕಾಯುತ್ತಿದ್ದೆ. ನಿನ್ನೆಯಿಂದ ಇದೊಂದೇ ತಲೆಯಲ್ಲಿ. ಕೆಲಸದಲ್ಲಿ ಎರಡು ಸಲ ತಪ್ಪು ಊರಿಗೆ ಲೈನು ಕೊಟ್ಟೆ.

ಈ ಅಮಾವಾಸ್ಯೆ ಕಳೆದ ಎರಡನೇ ಆಯ್ತಾರ 26ಕ್ಕೆ ಬರುತ್ತದೆ. ಅಂದು ಹೋಗುತ್ತೇನೆ. 17ರ ಮಾತಿಗೆ ಆಮೇಲೆ ಉತ್ತರ ಬರೆಯುತ್ತೇನೆ.

ಸುಲಭಾ


ಹಾವೇರಿ
7 ಮೇ 1991

ನನ್ನ ಹೊಳಿಯವ್ವಗೆ,

ನೀನು ಓದಲು ಬರಲೆಂದು ದೊಡ್ಡ ಅಕ್ಷರದಲ್ಲಿ ಬರೆದಿದ್ದೇನೆ. ನೀನು ಬಂದಿದ್ದೆ. ನಾನೂ ಬಂದಿದ್ದೆ. ನಿನ್ನ ಆಯ್ತಾರ ಬೇರೆ, ನನ್ನ ಆಯ್ತಾರ ಬೇರೆ ಆದವು. ತಪ್ಪು ನಿನ್ನದಲ್ಲ, ಅಜ್ಜಿಯದೂ ಅಲ್ಲ. ಇನ್ನು ಮೇಲೆ ಅಜ್ಜಿಯ ಆಯ್ತಾರವೇ ನನ್ನದು.

ರೈಲು ಬಹಳ ಚೆಂದ ಬರೆದಿದ್ದೀ.

ನಿನ್ನ ಅವ್ವ


ಹಾವೇರಿ
27 ಮೇ 1991

ವಕೀಲರಿಗೆ ನಮಸ್ಕಾರ.

ಮಾಜಿ ಪ್ರಧಾನಿಯ ಹತ್ಯೆಯಾಗಿ ಕಳೆದ ವಾರ ಲೈನುಗಳೆಲ್ಲ ಕಿಕ್ಕಿರಿದಿದ್ದವು, ರಜೆ ಸಿಕ್ಕಿದ್ದೇ ಹೆಚ್ಚು. ನಿನ್ನೆ ಒಂಬತ್ತೂವರೆಗೆ ಸ್ಟೇಷನ್ನಿಗೆ ಹೋದರೆ ಬೆಂಚಿನ ಮೇಲೆ ಅತ್ತೆ ಕೂತಿದ್ದರು. ಒಬ್ಬರೇ.

ನನ್ನನ್ನು ಕಂಡು ಎದ್ದು ನಿಂತರು. ಕೈ ಹಿಡಿದರು. ಬೆರಳುಗಳು ಮೆಣಸಿನಕಾಯಿಯಿಂದ ಉರಿಯುವಷ್ಟು ಬಿಸಿಯಾಗಿದ್ದವು. ಕೋರ್ಟಿನಲ್ಲಿ ಇದೇ ಹೆಂಗಸನ್ನು ನಾನು ಮುಖವೆತ್ತಿ ನೋಡಿರಲಿಲ್ಲ.

'ಹುಡುಗಿ ಒಲ್ಲೆ ಅಂತು ಸುಲಭಾ. ನಿನ್ನ ಕಾಗದ ಓದೇತಿ, ನಾಕ ಸಲ ಓದೇತಿ. ಆಕಿ ಬಂದಿದ್ದು ನಾ ನೋಡಿಲ್ಲ ಅಂತೈತಿ. ನಾ ಮೂರ ಸಲ ಕುಂತೇನಿ, ಆಕಿನೂ ಮೂರ ಸಲ ಕುಂದ್ರಲಿ, ನೀ ನೋಡಿ ಬಂದು ಹೇಳು, ಆಮ್ಯಾಲ ಬರ್ತೇನಿ ಅಂತೈತಿ. ನಾ ಏನ ಮಾಡ್ಲಿ?'

ನನಗೆ ಅಳು ಬಂತು. ಒಂದು ಹೊಡೆಯುವವರೆಗೆ ಇಬ್ಬರೂ ಕೂತೆವು. ನನ್ನ ಕೂದಲು ಉದುರಿದೆ ಎಂದರು. ಅವರ ಮೊಣಕಾಲು ಹೇಗಿದೆ ಎಂದು ಕೇಳಿದೆ. ಹೊಳಿಯವ್ವ ಎರಡನೇ ಇಯತ್ತೆಗೆ ಹೋಗುತ್ತಾಳೆ, ರಾತ್ರಿ ಹಲ್ಲು ಕಡಿಯುತ್ತಾಳೆ, ಬದನೆಕಾಯಿ ಮುಟ್ಟುವುದಿಲ್ಲ. ಬಿಸಿಲು ಸುಡುತ್ತಿತ್ತು. ಗಾಳಿ ಇರಲಿಲ್ಲ. ಅವರು ಹೇಳುತ್ತ ಹೋದರು, ನಾನು ಕೇಳುತ್ತ ಹೋದೆ. ರೈಲು ಯಾವಾಗ ಬಂದು ಹೋಯಿತೋ ಇಬ್ಬರಿಗೂ ತಿಳಿಯಲಿಲ್ಲ.

ಜೂನ್ 17ಕ್ಕೆ ಅವಳನ್ನು ಕರೆಸಬೇಡಿ. ನೋಡುವ ಆಸೆಗೆ ಎರಡು ಸಲ ಹೂಂ ಎಂದು ಬರೆದು ಹರಿದುಹಾಕಿದೆ. ಪೊಲೀಸರ ಹಾಗೆ ಟೋಪಿ ಹಾಕಿದ ಜವಾನ ಅವಳ ಹೆಸರು ಕೂಗುವುದು, ಅವಳು ಮತ್ತೆ ಸೆರಗು ಹಿಡಿಯುವುದು, ಅದು ನನಗೆ ಬೇಡ. ಅವಳು ಕೇಳಿದ್ದು ನ್ಯಾಯವಾಗಿಯೇ ಇದೆ. ಒಂದು ಸಲ ಆಯಿತು. ಇನ್ನೆರಡು ಉಳಿದಿವೆ.

ಸುಲಭಾ


ರಾಣೇಬೆನ್ನೂರು
18 ಜೂನ್ 1991

ಸುಲಭಾಬಾಯಿಯವರಿಗೆ,

ನಿಮ್ಮ ಮಾತಿನಂತೆ ಮಗುವನ್ನು ಕರೆಸಲು ಕೇಳಲಿಲ್ಲ. ಹಾಗೆ ಮಾಡುವುದು ದಡ್ಡತನವೆಂದು ಈಗಲೂ ಹೇಳುತ್ತೇನೆ. ಎರಡು ಸಲ ಕೂತ ಮೇಲೆ ಅವಳು ಇನ್ನೂ ಎರಡು ಸಲ ಎಂದರೆ ಏನು ಮಾಡುತ್ತೀರಿ? ಮಗುವಿನ ಮೇಲೆ ದರಖಾಸ್ತು ಹಾಕಲು ಯಾವ ಕಾನೂನಿನಲ್ಲೂ ದಾರಿಯಿಲ್ಲ.

ಫಕ್ಕೀರೇಶ ಬಂದಿದ್ದ. ಮುಂಬಯಿಯಿಂದ ನೆಟ್ಟಗೆ ಕೋರ್ಟಿಗೇ ಬಂದವನು, ಕಣ್ಣು ಕೆಂಪಾಗಿದ್ದವು. ನನ್ನನ್ನು ಬಾಗಿಲಲ್ಲಿ ತಡೆದು, 'ಜೈಲಿಗೆ ಬೇಕಾದ್ರ ನಾ ಹೋಗ್ತೇನ್ರಿ. ನಮ್ಮವ್ವನ್ನ ಮಾತ್ರ ಕಟಕಟಿ ಹತ್ತಿಸಿ ಕೇಳಬ್ಯಾಡ್ರಿ. ಆಕಿ ತನ್ನಿಂದ ತಪ್ಪಾತು ಅಂತ ಉಣ್ಣೂದ ಬಿಟ್ಟಾಳ' ಎಂದ. ಯಾರೂ ಜೈಲಿಗೆ ಹೋಗುವುದಿಲ್ಲ, ಮೊದಲು ಹೋಗಿ ನಿಮ್ಮವ್ವನಿಗೆ ಉಣ್ಣಲು ಹೇಳು ಎಂದೆ. ನಿಮಗೆ ತಲುಪಿಸಲು ಏನಾದರೂ ಮಾತಿದೆಯೇ ಎಂದು ಕೇಳಿದೆ. ಏನಿಲ್ಲ ಎಂದು ಹೋದ.

ನ್ಯಾಯಾಧೀಶರು ಬೇಲೀಫನ ಶರಾ ಎರಡು ಸಲ ಓದಿದರು. ಜುಲೈ 29ಕ್ಕೆ ಮುಂದೂಡಿದ್ದಾರೆ. ಅಷ್ಟರಲ್ಲಿ ನಿಮ್ಮ ಮಗಳ ಹುಕುಂ ಜಾರಿಯಾಗುತ್ತದೋ ನೋಡೋಣ.

ಚನ್ನಬಸಪ್ಪ


ಹಾವೇರಿ
22 ಜುಲೈ 1991

ವಕೀಲರಿಗೆ ನಮಸ್ಕಾರ.

29ಕ್ಕೆ ದರಖಾಸ್ತು ಹಿಂದಕ್ಕೆ ತೆಗೆದುಕೊಳ್ಳಿ. ಅರ್ಜಿಗೆ ಸಹಿ ಮಾಡಿ ಇದರೊಳಗೆ ಇಟ್ಟಿದ್ದೇನೆ.

ಜೂನ್ 23ಕ್ಕೆ ಎರಡನೆಯ ಸಲ ಕೂತೆ. ಅಂದೂ ಅತ್ತೆ ಒಬ್ಬರೇ ಬಂದರು, ರೊಟ್ಟಿ ಕಟ್ಟಿಕೊಂಡು ಬಂದಿದ್ದರು. ನಿನ್ನೆ ಮೂರನೆಯದು. ಬೆಳಿಗ್ಗೆಯಿಂದ ಜಿನುಗುತ್ತಿತ್ತು, ಪ್ಲಾಟ್‌ಫಾರ್ಮಿನ ಆ ತುದಿ ಮಂಜು ಕವಿದಂತೆ ಕಾಣಿಸುತ್ತಿರಲಿಲ್ಲ. ಹನ್ನೊಂದಾದರೂ ಅತ್ತೆಯೂ ಬರಲಿಲ್ಲ. ನೀವು ಹೇಳಿದ್ದೇ ನಿಜವಾಯಿತು ಎಂದುಕೊಂಡೆ. ಕಾಲು ಮರಗಟ್ಟಿದ್ದವು, ಆದರೆ ಏಳಲಿಲ್ಲ.

ಹನ್ನೆರಡರ ಹೊತ್ತಿಗೆ ಒಂದು ಕೊಡೆ ಕಾಣಿಸಿತು. ಕೊಡೆಯ ಕೆಳಗೆ ನಾಲ್ಕು ಕಾಲು. ಅತ್ತೆ ಗೇಟಿನ ಹತ್ತಿರವೇ ನಿಂತುಬಿಟ್ಟರು. ಅವಳು ಒಬ್ಬಳೇ ಬಂದಳು. ಎತ್ತರವಾಗಿದ್ದಾಳೆ. ಮುಂದಿನ ಎರಡು ಹಲ್ಲು ಹೊಸದಾಗಿ ಬಂದಿವೆ, ನಾನು ನೋಡಿದ್ದವು ಬಿದ್ದುಹೋಗಿವೆ. ಬೆಂಚಿನ ಆ ತುದಿಗೆ ಕೂತಳು. ನಾನು ಮೈ ಅಲುಗಿಸಲಿಲ್ಲ. ಏನಾದರೂ ಮಾತಾಡಿದರೆ ಎದ್ದು ಹೋದಾಳೆಂಬ ಹೆದರಿಕೆ.

'ಮೂರನೇ ಸಲ ನಾ ಅತ್ತಿದ್ದೆ,' ಎಂದಳು, ಹಳಿಯನ್ನು ನೋಡುತ್ತ. 'ನೀ ಅತ್ತಿ?'

'ನಾ ಮೊದಲನೇ ಸಲನ ಅತ್ತೆ.'

'ಮೆಣಸಿನಕಾಯಿ ಘಾಟಿಗೇನು?'

'ಅಲ್ಲ.'

'ಆಮ್ಯಾಲ?'

'ಎಲ್ಲಾ ಸಲನೂ ಅತ್ತೆ.'

ಬೆರಳು ಮಡಚಿ ಎಣಿಸಿದಳು. 'ಹಂಗಾರ ನಿಂದ ಹೆಚ್ಚಾತು ಬಿಡು,' ಎಂದು ಬೆಂಚಿನ ಮೇಲೆಯೇ ಸರಿದು ಸರಿದು ನನ್ನ ಪಕ್ಕಕ್ಕೆ ಬಂದಳು. ಒಂದು ಗಂಟೆಯಾಗಲು ಇನ್ನೂ ನಲವತ್ತು ನಿಮಿಷವಿತ್ತು.

ನಿಮ್ಮ,
ಸುಲಭಾ